ದಿಬ್ಬಕ್ಕೆ ನಡೆಯಲು ಜಾಗ ಬಿಡಿ: ಪರಿಸರ ಸಚಿವರಿಗೊಂದು ಬಹಿರಂಗ ಪತ್ರ

ಮಾನ್ಯ ಪರಿಸರ ಸಚಿವರೇ,

ನಮಸ್ಕಾರ.

ಕಡಲತೀರದ ಮರಳುದಿಬ್ಬಗಳ ರಕ್ಷಿತ ಪ್ರದೇಶಗಳು ನಿಮ್ಮ ಇಲಾಖೆಯ ಕೈಯಲ್ಲಿವೆ. ಅವುಗಳ ಕಡತ ನಿಮ್ಮ ಮುಂದೆ ಬಂದಾಗಲೆಲ್ಲ ಜೊತೆಗೆ ಬರುವ ಬೇಡಿಕೆಗಳು ಹೆಚ್ಚುಕಡಿಮೆ ಒಂದೇ ತರ ಇರುತ್ತವೆ. ಕಡಲಿಗೆ ಅಡ್ಡವಾಗಿ ತಡೆಗೋಡೆ ಕಟ್ಟಿಸಿ. ಖಾಲಿ ಬಿದ್ದ ಮರಳಿನಲ್ಲಿ ಸಸಿ ನೆಡಿಸಿ. ಎದುರಿನ ದಿಬ್ಬ ಸ್ವಲ್ಪ ತಗ್ಗಿಸಿದರೆ ನೋಟ ಚೆನ್ನಾಗಿರುತ್ತದೆ. ಸಾಲಾಗಿ ದೀಪ ಹಾಕಿದರೆ ಸಂಜೆ ಜನ ಬರುತ್ತಾರೆ. ಕೇಳುವವರ ಮನಸ್ಸು ಕೆಟ್ಟದ್ದೇನಲ್ಲ. ಆದರೆ ದಿಬ್ಬ ಅಂದರೆ ಸುಮ್ನೆ ಬಿದ್ದಿರುವ ಮರಳಿನ ರಾಶಿ ಅಂತ ಅವರೆಲ್ಲ ಅಂದುಕೊಂಡಿದ್ದಾರೆ. ದಿಬ್ಬ ನಡೆಯುತ್ತದೆ ಸಚಿವರೇ. ಅದಕ್ಕೆ ನಡೆಯಲು ಜಾಗ ಬಿಡಿ ಅಂತ ಕೇಳಿಕೊಳ್ಳುವುದಕ್ಕೇ ಈ ಪತ್ರ ಬರೆಯುತ್ತಿದ್ದೇನೆ.

ನೀರಿನ ಅಂಚಿನಿಂದಲೇ ಶುರು ಮಾಡುತ್ತೇನೆ. ಉಬ್ಬರ ಇಳಿದ ಮೇಲೆ ದಡದ ಉದ್ದಕ್ಕೂ ಒಂದು ಕಪ್ಪು ಗೆರೆ ಉಳಿದಿರುತ್ತದೆ. ಕೊಳೆಯುವ ಪಾಚಿ, ಒಡೆದ ಚಿಪ್ಪು, ಕಡ್ಡಿ, ಎಲ್ಲಿಂದಲೋ ತೇಲಿ ಬಂದ ಬೀಜ. ಇದನ್ನು ಕಸ ಅಂತ ಯಂತ್ರ ತಂದು ಬಾಚಿಸಿಬಿಡುತ್ತಾರೆ. ದಿಬ್ಬ ಹುಟ್ಟುವುದು ಆ ಗೆರೆಯಲ್ಲೇ. ಗಾಳಿಗೆ ಕುಪ್ಪಳಿಸುತ್ತಾ ಬರುವ ಮರಳು ಪಾಚಿಗೆ ತಡೆದು ನಿಲ್ಲುತ್ತದೆ. ಬೊಗಸೆಯಷ್ಟು ಗುಡ್ಡೆಯಾಗುತ್ತದೆ. ಪಾಚಿ ಅಡಿಯಲ್ಲಿ ಗೊಬ್ಬರವಾಗಿ, ಬೀಜ ಮೊಳೆತು, ಆ ಮೊಳಕೆ ಇನ್ನಷ್ಟು ಮರಳು ಹಿಡಿಯುತ್ತದೆ. ಅದೇ ಪಾಚಿಯ ಕೆಳಗೆ ಅಕ್ಕಿಕಾಳಿನಷ್ಟಿರುವ, ಸೀಗಡಿಯ ದೂರದ ನೆಂಟರಾದ ನೆಗೆಯುವ ಜೀವಿಗಳು ತುಂಬಿರುತ್ತವೆ. ಪ್ಲೋವರ್ ಹಕ್ಕಿ ನಾಲ್ಕು ಹೆಜ್ಜೆ ಓಡಿ, ನಿಂತು, ಕುಕ್ಕಿ, ಮತ್ತೆ ಓಡುವುದು ಇವುಗಳಿಗಾಗಿಯೇ. ಪ್ಲಾಸ್ಟಿಕ್ಕನ್ನು ಕೈಯಲ್ಲಿ ಆರಿಸಿ ತೆಗೆಯಬೇಕು, ಅದರಲ್ಲಿ ಎರಡು ಮಾತಿಲ್ಲ. ಪಾಚಿಯನ್ನು ಮಾತ್ರ ಅಲ್ಲೇ ಇರಲು ಬಿಡಿ.

ಮುಂದಿನ ಕೆಲಸ ಹುಲ್ಲಿನದು. ಯುರೋಪಿನ ತೀರಗಳಲ್ಲಿ ಮಾರಮ್ ಎಂಬ ಹುಲ್ಲು. ದಕ್ಷಿಣ ಏಷ್ಯಾದ ತೀರಗಳಲ್ಲಿ ರಾವಣನ ಮೀಸೆ. ಮಾರಮ್‌ನ ಬದುಕು ನನಗೆ ಪ್ರತಿ ಸಲ ಆಶ್ಚರ್ಯ ತರುತ್ತದೆ. ಬೇರೆ ಗಿಡಗಳ ಮೇಲೆ ಮರಳು ಬಿದ್ದರೆ ಅವು ಸಾಯುತ್ತವೆ. ಇದರ ಮೇಲೆ ಬಿದ್ದರೆ ಇದು ಇನ್ನೂ ಮೇಲಕ್ಕೇಳುತ್ತದೆ. ವರ್ಷಕ್ಕೆ ಒಂದು ಮೀಟರಿನಷ್ಟು ಮರಳು ಬಿದ್ದರೂ ಅದರೊಳಗಿಂದ ಹೊಸ ಚಿಗುರು ತೂರಿಸುತ್ತದೆ. ಬಿಸಿಲು ಜಾಸ್ತಿಯಾದರೆ ಎಲೆಯನ್ನು ಸುರುಳಿ ಸುತ್ತಿಕೊಂಡು ನೀರು ಉಳಿಸುತ್ತದೆ. ಮರಳು ಬರುವುದು ನಿಂತುಹೋದರೆ ಅದೇ ಹುಲ್ಲು ಸೊರಗುತ್ತದೆ. ಹೂಳುವ ಮರಳೇ ಅದಕ್ಕೆ ಬದುಕು. ರಾವಣನ ಮೀಸೆಯ ದಾರಿ ಬೇರೆ. ಮುಳ್ಳುಮುಳ್ಳಾದ ಅದರ ಬೀಜದ ಚೆಂಡು ಕಳಚಿಕೊಂಡು, ಗಾಳಿ ಬೀಸಿದ ಕಡೆ ದಡದ ಮೇಲೆಲ್ಲ ಉರುಳುತ್ತಾ ಹೋಗಿ ಹೊಸ ಜಾಗ ಹಿಡಿಯುತ್ತದೆ. ಅದರ ಪಕ್ಕದಲ್ಲೇ, ಆಡಿನ ಗೊರಸಿನ ಹಾಗೆ ಸೀಳಿದ ಎಲೆಯ ನೇರಳೆ ಹೂವಿನ ಬಳ್ಳಿ ಹತ್ತಾರು ಅಡಿ ಹಬ್ಬಿ ಮರಳನ್ನು ಹೆಣೆದು ಹಿಡಿದಿರುತ್ತದೆ.

ಗಾಳಿ, ಉಪ್ಪು, ಬಿಸಿಲು ಎಲ್ಲವನ್ನೂ ತಡೆಯುವ ಈ ಗಿಡಗಳು ಕಾಲ್ತುಳಿತ ತಡೆಯುವುದಿಲ್ಲ. ಒಂದೇ ಜಾಡಿನಲ್ಲಿ ಜನ ಓಡಾಡಿದರೆ ಬೇರು ಸಾಯುತ್ತದೆ, ದಿಬ್ಬ ಅಲ್ಲಿ ಸೀಳುತ್ತದೆ. ಹಲಗೆಯ ಕಾಲುದಾರಿಯೊಂದನ್ನು ನೆಲದಿಂದ ಎತ್ತರಿಸಿ ಹಾಕಿದರೆ ಸಾಕು. ಜನ ಬರುವುದು ಬೇಡ ಅಂತ ನಾನು ಹೇಳುತ್ತಿಲ್ಲ. ನೋಡಿದವರೇ ಅಲ್ವಾ ನಾಳೆ ಇದರ ಪರವಾಗಿ ಮಾತಾಡುವವರು?

ಕಡಲಿಗೆ ಬೆನ್ನು ಹಾಕಿ ಒಳಗೆ ನಡೆದರೆ ಕೆಲವೇ ನೂರು ಮೀಟರಿನಲ್ಲಿ ನೂರಾರು ವರ್ಷ ದಾಟಿದಂತಾಗುತ್ತದೆ. ಮೊದಲು ಬೆಳ್ಳನೆಯ ಹೊಸ ದಿಬ್ಬ. ಆಮೇಲೆ ಹಾವಸೆ ಹಿಡಿದು ಬೂದು ಬಣ್ಣಕ್ಕೆ ತಿರುಗಿದ ಹಳೆಯ ದಿಬ್ಬ. ಆಮೇಲೆ ಪೊದೆ, ಕೊನೆಗೆ ಕಾಡು. ಅಮೆರಿಕದ ಹೆನ್ರಿ ಕೌಲ್ಸ್ ಎಂಬ ಸಸ್ಯವಿಜ್ಞಾನಿ ಮಿಚಿಗನ್ ಸರೋವರದ ದಡದ ದಿಬ್ಬಗಳಲ್ಲಿ ಹೀಗೇ ನಡೆದು ನೋಡಿದರು. ಒಂದು ಗಿಡದ ಗುಂಪು ಮುಂದಿನ ಗುಂಪಿಗೆ ಹೇಗೆ ನೆಲ ಹದ ಮಾಡಿಕೊಡುತ್ತದೆ ಅಂತ 1899ರಲ್ಲಿ ಬರೆದರು. ಕಾಡು ಹೇಗೆ ಹುಟ್ಟುತ್ತದೆ ಅನ್ನುವ ಪಾಠದ ಬುನಾದಿಗಳಲ್ಲಿ ಅದೂ ಒಂದು.

ಎರಡು ದಿಬ್ಬಗಳ ನಡುವಿನ ತಗ್ಗು ನನಗೆ ಎಲ್ಲಕ್ಕಿಂತ ಇಷ್ಟ. ಗಾಳಿ ಮರಳನ್ನು ಕೊರೆಯುತ್ತಾ ಹೋಗಿ ಒದ್ದೆ ನೆಲ ಸಿಕ್ಕಲ್ಲಿ ನಿಲ್ಲುತ್ತದೆ. ಮಳೆ ಬಂದಾಗ ಅಲ್ಲಿ ನೀರು ಮೊಣಕಾಲಿಗೂ ಬಾರದಷ್ಟು ನಿಂತು, ಬಿಸಿಲಿಗೆ ಬೇಗ ಬೆಚ್ಚಗಾಗಿ, ಬೇಸಿಗೆಯಲ್ಲಿ ಬತ್ತಿಹೋಗುತ್ತದೆ. ಬತ್ತುವ ಹೊಂಡ ಯಾರಿಗೆ ಬೇಕು ಅನ್ನಿಸಬಹುದು. ಯುರೋಪಿನ ನ್ಯಾಟರ್‌ಜಾಕ್ ಎಂಬ ನೆಲಗಪ್ಪೆಗೆ ಅಂಥದ್ದೇ ಬೇಕು. ಬತ್ತುವ ಹೊಂಡದಲ್ಲಿ ಮೀನು ಇರುವುದಿಲ್ಲ, ಅದರ ಮರಿಗಳನ್ನು ತಿನ್ನುವವರು ಕಡಿಮೆ. ಬೆಚ್ಚಗಿನ ನೀರಿನಲ್ಲಿ ಮರಿಗಳು ಬೇಗ ಬೆಳೆಯುತ್ತವೆ. ಬೆನ್ನಿನ ಮೇಲೆ ಹಳದಿ ಗೆರೆ ಇರುವ ಈ ಕಪ್ಪೆ ಕುಪ್ಪಳಿಸುವುದಕ್ಕಿಂತ ಇಲಿಯ ಹಾಗೆ ಓಡುವುದೇ ಹೆಚ್ಚು. ಇಂಥ ತಗ್ಗಿಗೆ ಮಣ್ಣು ತುಂಬಿಸಿ ವಾಹನ ನಿಲ್ಲಿಸುವ ಜಾಗ ಮಾಡುವುದು ತುಂಬಾ ಸುಲಭ. ದಯವಿಟ್ಟು ಅದಕ್ಕೆ ಒಪ್ಪಬೇಡಿ.

ಆ ತಗ್ಗಿನ ನೀರಿನ ಅಡಿಯಲ್ಲಿ ಇನ್ನೂ ದೊಡ್ಡ ನೀರಿದೆ. ದಿಬ್ಬದ ಮೇಲೆ ಬಿದ್ದ ಮಳೆ ಮರಳಲ್ಲಿ ಇಂಗಿ, ಕೆಳಗಿನ ಉಪ್ಪುನೀರಿನ ಮೇಲೆ ತೇಲುತ್ತಾ ನಿಲ್ಲುತ್ತದೆ. ಸಿಹಿನೀರು ಹಗುರ, ಉಪ್ಪುನೀರು ಭಾರ. ಲೆಕ್ಕದ ಪ್ರಕಾರ, ಕಡಲಮಟ್ಟಕ್ಕಿಂತ ಒಂದು ಮೀಟರ್ ಎತ್ತರಕ್ಕೆ ಸಿಹಿನೀರು ನಿಂತಿದ್ದರೆ ಅದರ ಕೆಳಗೆ ಸುಮಾರು 40 ಮೀಟರ್ ಆಳದವರೆಗೆ ಸಿಹಿನೀರೇ ಇರುತ್ತದೆ. ಆಮ್‌ಸ್ಟರ್‌ಡ್ಯಾಮ್ ನಗರ 1853ರಿಂದ ದಿಬ್ಬದ ನೀರು ಕುಡಿಯುತ್ತಿದೆ. ಆದರೆ ಅವರೂ ಮೊದಮೊದಲು ಮಿತಿ ಇಲ್ಲದೆ ಎತ್ತಿ, ತಗ್ಗುಗಳು ಒಣಗಿ, ಅಡಿಯಿಂದ ಉಪ್ಪುನೀರು ಮೇಲೇರುವ ಸ್ಥಿತಿಗೆ ಬಂದರು. ಆಮೇಲೆ ನದಿಯ ನೀರು ತಂದು ದಿಬ್ಬಕ್ಕೆ ಇಂಗಿಸಬೇಕಾಯಿತು. ರಕ್ಷಿತ ಪ್ರದೇಶದ ಗಡಿಗೆ ತಾಗಿ ಕೊಳವೆಬಾವಿಗೆ ಅನುಮತಿ ಕೇಳಿ ಬಂದಾಗ ಇದು ನೆನಪಿರಲಿ. ಗಡಿರೇಖೆ ನೀರಿಗೆ ಗೊತ್ತಾಗುವುದಿಲ್ಲ.

ಈಗ ಸಸಿ ನೆಡುವ ವಿಷಯ. ಇದನ್ನು ಹೇಳುವಾಗ ನನಗೂ ಹಿಂಜರಿಕೆಯಾಗುತ್ತದೆ. ಮರ ನೆಡಬೇಡಿ ಅನ್ನುವ ಪರಿಸರಪ್ರೇಮಿ ಯಾರಿದ್ದಾರೆ? ಆದರೂ ಹೇಳಲೇಬೇಕು. ಖಾಲಿ ಮರಳು ಖಾಲಿಯಲ್ಲ. ಮರಳುಹಲ್ಲಿ ಮೊಟ್ಟೆ ಇಡಲು ಬಿಸಿಲು ಬೀಳುವ ಬರಿ ಮರಳು ಹುಡುಕುತ್ತದೆ. ಒಂಟಿಯಾಗಿ ಬದುಕುವ ಜೇನುನೊಣಗಳು, ಕಣಜಗಳು ಬಿಲ ತೋಡುವುದು ಅಲ್ಲೇ. ಯುರೋಪಿನ ಎಷ್ಟೋ ದಿಬ್ಬಗಳು ಕಳೆದ ಶತಮಾನದಲ್ಲಿ ಹಸಿರಾಗಿ ಹಸಿರಾಗಿಯೇ ಹಾಳಾದವು. ಮರಳು ಹಾರಬಾರದು ಅಂತ ಪೈನ್ ಮರ, ಹುಲ್ಲು ನೆಟ್ಟರು. 1950ರ ದಶಕದಲ್ಲಿ ಮಿಕ್ಸೊಮಟೋಸಿಸ್ ಎಂಬ ರೋಗ ಬಂದು ಹುಲ್ಲು ಮೇಯುತ್ತಿದ್ದ ಮೊಲಗಳು ರಾಶಿ ರಾಶಿ ಸತ್ತವು. ವಾಹನ, ಕಾರ್ಖಾನೆ, ಕೃಷಿಯಿಂದ ಗಾಳಿಗೆ ಸೇರಿದ ಸಾರಜನಕ ಬಡ ಮರಳಿಗೆ ಗೊಬ್ಬರದ ಹಾಗೆ ಬಿದ್ದು ಒರಟು ಹುಲ್ಲು, ಪೊದೆ ಮುಚ್ಚಿಕೊಂಡವು. ಸಣ್ಣ ಹೂಗಿಡಗಳು, ಹಲ್ಲಿಗಳು ಜಾಗ ಕಳೆದುಕೊಂಡವು. ಕೊನೆಗೆ ನೆದರ್ಲೆಂಡ್ಸ್‌ನಂಥ ದೇಶವೇ ಏನು ಮಾಡಿತು ಗೊತ್ತೇ? ಭೂಮಿಯ ಬಹುಪಾಲು ಕಡಲಮಟ್ಟದ ಆಸುಪಾಸಿನಲ್ಲೇ ಇರುವ, ದಿಬ್ಬವನ್ನೇ ಕೋಟೆಯಾಗಿ ನಂಬಿದ ದೇಶ ಅದು. ಅಲ್ಲಿನ ಕೆನ್ನೆಮರ್‌ಲ್ಯಾಂಡ್‌ನ ರಾಷ್ಟ್ರೀಯ ಉದ್ಯಾನದಲ್ಲಿ ಮುಂದಿನ ದಿಬ್ಬವನ್ನು ಕೆಲವೆಡೆ ಬೇಕಂತಲೇ ಕಡಿದು ಗಾಳಿಗೆ ದಾರಿ ಮಾಡಿಕೊಟ್ಟರು. ಹೊಸ ಮರಳು ಒಳಗೆ ಹಾರಿ ಬರಲಿ ಅಂತ.

ಹಾಗಂತ ನಡೆಯುವ ಮರಳು ಅಪಾಯವೇ ಅಲ್ಲ ಅಂತ ನಾನು ನಟಿಸುವುದಿಲ್ಲ. ಲಿಥುವೇನಿಯಾ ಮತ್ತು ರಷ್ಯಾ ಹಂಚಿಕೊಂಡಿರುವ ಕುರೋನಿಯನ್ ಮರಳುನಾಲಿಗೆಯಲ್ಲಿ ಊರಿಗೆ ಊರೇ ದಿಬ್ಬದ ಅಡಿ ಹೂತುಹೋದದ್ದುಂಟು. ಅಲ್ಲಿ ಮೊದಲು ಆದದ್ದು ಕಾಡಿನ ನಾಶ. ಹಿಡಿದಿಟ್ಟಿದ್ದ ಮರ ಹೋದ ಮೇಲೆ ಮರಳು ಸಡಿಲಾಯಿತು. ಆಮೇಲೆ ಜನ ಹತ್ತಾರು ವರ್ಷ ಹುಲ್ಲು, ಮರ ನೆಟ್ಟು ನಿಲ್ಲಿಸಿದರು. 2000ದಲ್ಲಿ ಅದು ಯುನೆಸ್ಕೊ ವಿಶ್ವ ಪರಂಪರೆಯ ತಾಣವಾಯಿತು. ಊರಿನ ಪಕ್ಕದಲ್ಲಿ ಮರಳನ್ನು ಹಿಡಿಯಲೇಬೇಕು, ಒಪ್ಪುತ್ತೇನೆ. ರಕ್ಷಿತ ಪ್ರದೇಶದ ನಡುವೆಯೂ ಅದನ್ನೇ ಯಾಕೆ ಮಾಡಬೇಕು? ಸ್ಪೇನಿನ ಡೊನ್ಯಾನಾ ರಾಷ್ಟ್ರೀಯ ಉದ್ಯಾನದಲ್ಲಿ ದಿಬ್ಬಗಳು ಇವತ್ತಿಗೂ ವರ್ಷಕ್ಕೆ ಕೆಲವು ಮೀಟರ್ ಮುಂದೆ ಹೋಗುತ್ತಿವೆ. ದಾರಿಯಲ್ಲಿ ಸಿಕ್ಕ ಪೈನ್ ತೋಪನ್ನು ನಿಧಾನಕ್ಕೆ ನುಂಗುತ್ತವೆ. ದಿಬ್ಬ ದಾಟಿ ಹೋದ ಮೇಲೆ ಒಣಗಿದ ಕಾಂಡಗಳು ಹೊರಬರುತ್ತವೆ, ಆ ಬಯಲಿನಲ್ಲಿ ಮತ್ತೆ ಹೊಸ ಪೈನ್ ಸಸಿ ಏಳುತ್ತವೆ.

ಬೆಚ್ಚಗಿನ ತೀರಗಳಲ್ಲಿ ಕಡಲಾಮೆಗಳ ಮಾತೂ ಇದೆ. ಹೆಣ್ಣಾಮೆ ರಾತ್ರಿ ತೆವಳುತ್ತಾ ಮೇಲೆ ಬಂದು, ಹಿಂಗಾಲಿನಲ್ಲಿ ಗುಂಡಿ ತೋಡಿ ನೂರರಷ್ಟು ಮೊಟ್ಟೆ ಇಟ್ಟು, ಮುಚ್ಚಿ, ತಿರುಗಿ ನೋಡದೆ ಹೋಗುತ್ತದೆ. ಎರಡು ತಿಂಗಳ ಆಸುಪಾಸು ಮರಳೇ ಅವುಗಳಿಗೆ ತಾಯಿ. ಮರಳು ಬಿಸಿಯಾದರೆ ಹೆಣ್ಣು ಮರಿಗಳು ಜಾಸ್ತಿ, ತಂಪಾದರೆ ಗಂಡು ಜಾಸ್ತಿ. ರಾತ್ರಿ ಹೊರಬಂದ ಮರಿ ಬೆಳಕು ಕಂಡ ಕಡೆ ಓಡುತ್ತದೆ. ಹಿಂದೆ ದಿಬ್ಬದ ಕಪ್ಪು ನೆರಳು, ಮುಂದೆ ಆಕಾಶ ತಾಗುವ ಕಡಲಿನ ಮಂದ ಹೊಳಪು. ಲಕ್ಷಾಂತರ ವರ್ಷ ಈ ಗುರುತು ತಪ್ಪಿರಲಿಲ್ಲ. ದಿಬ್ಬದ ಮೇಲೊಂದು ವಿದ್ಯುದ್ದೀಪ ಹತ್ತಿಸಿದರೆ ಅವು ಕಡಲು ಬಿಟ್ಟು ರಸ್ತೆ ಕಡೆ ಹೋಗುತ್ತವೆ, ಬೆಳಗಾಗುವಷ್ಟರಲ್ಲಿ ಒಣಗಿ ಸಾಯುತ್ತವೆ. ದೀಪದ ಬೇಡಿಕೆಗೆ ನನ್ನ ಉತ್ತರ ಇಷ್ಟೇ: ಬೇಡ. ಬೇಕೇ ಬೇಕಾದರೆ ನೆಲಮಟ್ಟದಲ್ಲಿ, ಕಡಲಿಗೆ ಕಾಣದ ಹಾಗೆ, ಕೆಂಪು ಬಣ್ಣದ ಮಂದ ದೀಪ, ಗೂಡಿಡುವ ಕಾಲದಲ್ಲಿ ಅದೂ ಆರಿಸಿ.

ಇನ್ನು ಗೋಡೆ. ಬಿರುಗಾಳಿ ಬಂದಾಗ ಅಲೆ ದಿಬ್ಬದ ಮುಖ ಕಡಿಯುತ್ತದೆ. ನೋಡಲು ಭಯವಾಗುತ್ತದೆ, ಆಗಲೇ ಗೋಡೆಯ ಕೂಗು ಏಳುತ್ತದೆ. ಆದರೆ ಆ ಮರಳು ಕಳೆದುಹೋಗಿರುವುದಿಲ್ಲ. ಹೆಚ್ಚಿನದು ಸ್ವಲ್ಪ ದೂರದಲ್ಲಿ ನೀರಿನ ಅಡಿ ದಂಡೆಯಾಗಿ ನಿಂತು, ಮುಂದಿನ ಅಲೆಗಳನ್ನು ಅಲ್ಲೇ ಒಡೆಯುತ್ತದೆ. ಕಡಲು ಶಾಂತವಾದ ಮೇಲೆ ಸಣ್ಣ ಅಲೆಗಳು ಅದನ್ನು ತಿರುಗಿ ದಡಕ್ಕೆ ತರುತ್ತವೆ, ಗಾಳಿ ಮತ್ತೆ ದಿಬ್ಬಕ್ಕೆ ಏರಿಸುತ್ತದೆ. ಕಡಲಿಗೂ ದಿಬ್ಬಕ್ಕೂ ಇರುವ ಈ ಕೊಡುಕೊಳ್ಳುವಿಕೆಯ ನಡುವೆ ಕಲ್ಲು ಸುರಿದರೆ ಅಲೆ ಗೋಡೆಗೆ ಬಡಿದು ಎದುರಿನ ಮರಳನ್ನೇ ಎಳೆದೊಯ್ಯುತ್ತದೆ. ದಡ ಸಣ್ಣಗಾಗುತ್ತದೆ. ಗೋಡೆ ಮುಗಿದಲ್ಲಿ, ಪಕ್ಕದ ದಡದಲ್ಲಿ ಕೊರೆತ ಜಾಸ್ತಿಯಾಗುತ್ತದೆ. ಕಡಲಮಟ್ಟ ಏರುತ್ತಿರುವ ಈ ಕಾಲದಲ್ಲಿ ದಿಬ್ಬ ಉಳಿಯಬೇಕಾದರೆ ಹಿಂದಕ್ಕೆ ಸರಿಯಬೇಕು. ಮುಂದೆ ಗೋಡೆ, ಹಿಂದೆ ರಸ್ತೆ ಇದ್ದರೆ ಅದು ಎಲ್ಲಿಗೆ ಸರಿಯಬೇಕು ಹೇಳಿ?

ದಿಬ್ಬ ತಗ್ಗಿಸುವವರಿಗೆ ಎರಡು ಉದಾಹರಣೆ ಕೊಡುತ್ತೇನೆ. ಅಮೆರಿಕದ ಮಿಚಿಗನ್ ಸಿಟಿಯಲ್ಲಿ ಸುಮಾರು 200 ಅಡಿ ಎತ್ತರದ ಹೂಸಿಯರ್ ಸ್ಲೈಡ್ ಎಂಬ ದಿಬ್ಬವಿತ್ತು. ಗಾಜು ಮಾಡಲು ಅದರ ಮರಳನ್ನು ಬಂಡಿಬಂಡಿ ಸಾಗಿಸಿದರು. 1920ರ ಹೊತ್ತಿಗೆ ದಿಬ್ಬವೇ ಇರಲಿಲ್ಲ. ಇನ್ನೊಂದು 2004ರ ಡಿಸೆಂಬರ್ 26ರ ಸುನಾಮಿಯದು. ಶ್ರೀಲಂಕಾದ ಯಾಲದಲ್ಲಿ ಒಂದು ಪ್ರವಾಸಿ ವಸತಿಗೃಹದ ಎದುರಿನ ದಿಬ್ಬವನ್ನು ಕಡಲು ಚೆನ್ನಾಗಿ ಕಾಣಲಿ ಅಂತ ತೆಗೆದಿದ್ದರು. ಅಲೆ ಅಲ್ಲಿಂದಲೇ ಒಳಗೆ ನುಗ್ಗಿ ಆ ಕಟ್ಟಡವನ್ನು ಪೂರ್ತಿ ನಾಶ ಮಾಡಿತು. ದಿಬ್ಬ ಹಾಗೇ ಉಳಿದಿದ್ದ ಪಕ್ಕದ ಜಾಗಗಳು ಬಚಾವಾದವು. ಎದುರಿನ ನೋಟಕ್ಕಾಗಿ ದಿಬ್ಬ ಕಡಿಯುವ ಕಡತಕ್ಕೆ ಇನ್ನು ಯಾವ ಟಿಪ್ಪಣಿ ಬೇಕು?

ನಾನು ಕೇಳುವುದರಲ್ಲಿ ಮುಖ್ಯವಾದದ್ದು ಒಂದು. ರಕ್ಷಿತ ಪ್ರದೇಶದ ನಕ್ಷೆ ಬರೆಯುವಾಗ ದಿಬ್ಬ ಇವತ್ತು ನಿಂತಿರುವ ಜಾಗಕ್ಕಷ್ಟೇ ಗೆರೆ ಎಳೆಯಬೇಡಿ. ಅದು ಮುಂದಿನ ಐವತ್ತು ವರ್ಷದಲ್ಲಿ ಸರಿಯಬಹುದಾದ ಹಿಂದಿನ ನೆಲವನ್ನೂ ಸೇರಿಸಿ, ಅಲ್ಲಿ ಹೊಸ ಕಟ್ಟಡ, ರಸ್ತೆಗೆ ಅನುಮತಿ ಕೊಡಬೇಡಿ. ಪಾಚಿ, ತಗ್ಗು, ಬರಿ ಮರಳು, ಕತ್ತಲೆ ಇವೆಲ್ಲ ಆ ನೆಲ ಉಳಿದರೆ ಮಾತ್ರ ಉಳಿಯುತ್ತವೆ.

ಸಹಿ ಹಾಕುವ ಮೊದಲು ಒಂದು ಬೆಳಗ್ಗೆ ದಿಬ್ಬಕ್ಕೆ ಬನ್ನಿ. ಸೂರ್ಯ ಏರುವ ಮೊದಲೇ ಬರಬೇಕು, ಗಾಳಿ ಎದ್ದರೆ ಗುರುತುಗಳು ಅಳಿಸಿಹೋಗುತ್ತವೆ. ರಾತ್ರಿಯೆಲ್ಲ ಏನೇನು ನಡೆಯಿತು ಅಂತ ಮರಳಿನ ಮೇಲೆ ಬರೆದಿರುತ್ತದೆ: ಏಡಿಯ ಚುಕ್ಕೆಸಾಲು, ಜೀರುಂಡೆಯ ಸಣ್ಣ ಹೊಲಿಗೆ, ಹಾವು ಹರಿದ ಗೆರೆ, ಹಕ್ಕಿಯ ಮೂರು ಬೆರಳು. ಹಲಗೆಯ ದಾರಿ ಇದ್ದರೆ ಅದರ ಮೇಲೆ, ಇಲ್ಲದಿದ್ದರೆ ಒದ್ದೆ ಮರಳಿನ ಅಂಚಿನಲ್ಲಿ ನಡೆಯೋಣ. ನಿಮ್ಮ ಇಂಜಿನಿಯರುಗಳನ್ನೂ ಕರೆದುಕೊಂಡು ಬನ್ನಿ.

ನಿಮ್ಮ ಉತ್ತರಕ್ಕಾಗಿ ಕಾಯುತ್ತಿರುವ,
ಒಬ್ಬ ನಾಗರಿಕ