ದೆವ್ವದ ಚಿತ್ರಗಳ ಜೊತೆಗೆ ನಿಂತವರಿಗೆ

ಕಳೆದ ಭಾನುವಾರ ಮುಂಬಯಿಯ ಮಾಟುಂಗದಲ್ಲಿ ನನ್ನ ಹಳೆಯ ದೆವ್ವದ ಚಿತ್ರಗಳನ್ನೆಲ್ಲ ಸಾಲಾಗಿ ತೋರಿಸಲಾಯಿತು. ಚಿತ್ರಮಂದಿರದ ಮುಖವನ್ನೇ ಕಾಣದ ಈ ಚಿತ್ರಗಳಿಗಾಗಿ ಡೊಂಬಿವಲಿಯಿಂದಲೂ ಮೀರಾ ರೋಡಿನಿಂದಲೂ ಲೋಕಲ್ ಹಿಡಿದು ಬಂದ ಎಲ್ಲರಿಗೂ ನಮಸ್ಕಾರಗಳು. ಸಭಾಂಗಣ ಕೊಡಿಸಿದ ಹಿರಿಯರಿಗೆ, ಸಂಭಾವನೆ ಕೇಳದೆ ನಟಿಸಿದ ರಂಗಭೂಮಿಯ ಗೆಳೆಯರಿಗೆ, ರಾತ್ರಿಯ ಚಿತ್ರೀಕರಣಕ್ಕೆ ಊಟ ಕಳುಹಿಸುತ್ತಿದ್ದ ಫೋರ್ಟಿನ ಹೋಟೆಲ್ ಮಾವನಿಗೆ, ನನ್ನ ಸಾಲಗಳನ್ನು ಸಹಿಸಿಕೊಂಡ ಮನೆಯವರಿಗೆ ನಾನು ಋಣಿ.

ಆದರೆ ಈ ಬರಹ ಮುಖ್ಯವಾಗಿ ನಮ್ಮ ಧ್ವನಿಗ್ರಾಹಕರಿಗಾಗಿ. ಹೆಸರು ಹಾಕಬಾರದೆಂದು ಅವರ ಕಟ್ಟಪ್ಪಣೆಯಾಗಿರುವುದರಿಂದ, ನಾನು ಕರೆಯುವಂತೆ ಅಣ್ಣ ಎಂದೇ ಬರೆಯುತ್ತೇನೆ.

2005ರ ಜುಲೈ 26ರಂದು ಸಾಂತಾಕ್ರೂಜ್‌ನಲ್ಲಿ ಒಂದೇ ದಿನಕ್ಕೆ 944 ಮಿಲಿಮೀಟರ್ ಮಳೆ ಸುರಿದು ಮಿಥಿ ನದಿ ಉಕ್ಕಿದಾಗ, ನನ್ನ ಮೊದಲ ಚಿತ್ರವನ್ನು ಸೆರೆಹಿಡಿದಿದ್ದ ಮಿನಿ ಡಿವಿ ಎಂಬ ಪುಟ್ಟ ವಿಡಿಯೊ ಕ್ಯಾಸೆಟ್‌ಗಳೆಲ್ಲ ಕಾಲೀನಾದ ನೆಲಮಹಡಿಯ ಬಾಡಿಗೆ ಕೋಣೆಯಲ್ಲಿದ್ದವು. ಅಣ್ಣ ಅವುಗಳನ್ನು ಅಕ್ಕಿ ಡಬ್ಬಿಗೆ ತುಂಬಿ, ತಲೆಯ ಮೇಲೆ ಹೊತ್ತು, ಸೊಂಟದುದ್ದದ ನೀರು ದಾಟಿ ಮೆಟ್ಟಿಲು ಹತ್ತಿದರು. ಒದ್ದೆಯಾದ ಕ್ಯಾಸೆಟ್‌ಗಳನ್ನು ಕೂಡಲೇ ಹಾಕಿ ನೋಡಬೇಕೆಂದು ನಾನು ಹಟ ಹಿಡಿದಾಗ, ಹಸಿ ಟೇಪು ಅದನ್ನು ಓದುವ ಕ್ಯಾಮೆರಾದ ಹೆಡ್‌ಗೆ ಅಂಟಿದರೆ ಎರಡೂ ಹಾಳಾಗುತ್ತವೆಂದು ಕ್ಯಾಮೆರಾವನ್ನೇ ಕಿತ್ತಿಟ್ಟುಕೊಂಡರು. ಆ ಕತ್ತಲಲ್ಲಿ ಕುಳಿತು ನಾನು ಬಿಕ್ಕಿ ಬಿಕ್ಕಿ ಅತ್ತೆ. ಯಾರೂ ಬೇಡದ ಚಿತ್ರಕ್ಕಾಗಿ ಹೆಂಡತಿಯ ಒಡವೆ ಅಡವಿಟ್ಟವನಿಗೆ ಊರಿಗೆ ಮರಳಲು ಮುಖವಿರಲಿಲ್ಲ, ಮುಂಬಯಿಯಲ್ಲಿ ಉಳಿಯಲು ಕಾರಣವೂ ಇರಲಿಲ್ಲ. ಅಣ್ಣ ಸಮಾಧಾನದ ಒಂದು ಮಾತನ್ನೂ ಆಡಲಿಲ್ಲ. ಬಹಳ ಹೊತ್ತಿನ ಮೇಲೆ, "ಕೊನೆಯ ದೃಶ್ಯದಲ್ಲಿ ಬಾಗಿಲು ಕಿರುಗುಟ್ಟಬೇಕೋ, ಸದ್ದಿಲ್ಲದೆ ತೆರೆದುಕೊಳ್ಳಬೇಕೋ?" ಎಂದು ಕೇಳಿದರು. ಬೆಳಗಾಗುವವರೆಗೂ ಅದರ ಬಗ್ಗೆಯೇ ವಾದಿಸಿದೆವು.

ಚಿತ್ರಿಕೆಗಳನ್ನು ಹೇಗೋ ತೇಪೆ ಹಾಕಿ ಉಳಿಸಿಕೊಂಡೆವು. ಧ್ವನಿಯನ್ನು ಮಾತ್ರ ಪೂರ್ತಿ ಹೊಸದಾಗಿ ಕಟ್ಟಬೇಕಾಯಿತು. ಆರಾಮ್ ನಗರದ ಪುಟ್ಟ ಕೋಣೆಯಲ್ಲಿ ಅವರು ಕಬ್ಬಿನ ಜಲ್ಲೆಯನ್ನು ಒದ್ದೆ ಟವೆಲಿನಲ್ಲಿ ಸುತ್ತಿ, ಮೈಕಿನ ಹತ್ತಿರ ಹಿಡಿದು ಮುರಿದಾಗ ಮೂಳೆ ಮುರಿಯಿತು. ಒಣಗಿದ ತೆಂಗಿನ ಗರಿಯನ್ನು ನೆಲದ ಮೇಲೆ ಎಳೆದಾಗ ಯಾರೋ ಹಿಂದಿನಿಂದ ಬಂದರು. ಭಾನುವಾರ ಸಭಾಂಗಣ ಬೆಚ್ಚಿಬಿದ್ದದ್ದು ನನ್ನ ನಿರ್ದೇಶನಕ್ಕಲ್ಲ, ಆ ಕಬ್ಬಿಗೆ. ಬಾಗಿಲಿನ ವಾದದಲ್ಲಿಯೂ ಗೆದ್ದವರು ಅವರೇ. ಅದು ಸದ್ದಿಲ್ಲದೆ ತೆರೆದುಕೊಳ್ಳುತ್ತದೆ.

ಇದೇ ಊರಿನಲ್ಲಿ ರಾಮ್ಸೆ ಸೋದರರು ಏಳು ಮಂದಿ ಸೇರಿ, ನಿರ್ದೇಶನ, ಛಾಯಾಗ್ರಹಣ, ಧ್ವನಿಗಳನ್ನು ಮನೆಯೊಳಗೇ ಹಂಚಿಕೊಂಡು, 1970 ಮತ್ತು 80ರ ದಶಕಗಳಲ್ಲಿ ಕಡಿಮೆ ಖರ್ಚಿನ ಭಯಾನಕ ಚಿತ್ರಗಳನ್ನು ತೆಗೆದರು. ವಿಮರ್ಶಕರು ಮೂಗು ಮುರಿದರೂ ಅವರಿಗೆ ಪ್ರೇಕ್ಷಕರಿದ್ದರು, ಒಡಹುಟ್ಟಿದವರಿದ್ದರು. ಒಬ್ಬನೇ ಮಗನಾದ ನನಗೆ ಸಿಕ್ಕವರು ಈ ಅಣ್ಣ. ಮುಂದಿನ ಚಿತ್ರಕ್ಕೂ ಅವರನ್ನೇ ಕೇಳಿದ್ದೇನೆ. ಚಿತ್ರಕಥೆ ಓದದೆ ಒಪ್ಪುವುದಿಲ್ಲವೆಂದು ಹೇಳಿದ್ದಾರೆ.