ಬಲಮುರಿ ಶಂಖವೆಂದು ಮಾರುವ ಬೇರೆ ಕಡಲಿನ ಚಿಪ್ಪು

ಮಾನ್ಯ ಸಂಪಾದಕರೇ,

ನಾನು ಮಂಡ್ಯದಲ್ಲಿ ಪಂಪ್‌ಸೆಟ್ ಮೋಟಾರುಗಳಿಗೆ ವೈಂಡಿಂಗ್ ಮಾಡುವವನು. 26 ವರ್ಷದಿಂದ ಇದೇ ಕೆಲಸ. ಹುಟ್ಟಿದ್ದು ದಾಸಯ್ಯನ ಮನೆಯಲ್ಲಿ. ಪಾಂಡವಪುರದ ಆಸುಪಾಸಿನ ಹಳ್ಳಿಗಳಲ್ಲಿ ಹರಿಸೇವೆಗೂ ನಮ್ಮಪ್ಪನೇ, ಸಾವಿನ ಮನೆಗೂ ನಮ್ಮಪ್ಪನೇ. ಶ್ರಾವಣ ಶನಿವಾರ ಬಂತೆಂದರೆ ನಸುಕಿನಲ್ಲೇ ಎದ್ದು ನಾಮ ಹಾಕಿಕೊಂಡು, ಗರುಡಗಂಬ ಹಚ್ಚಿ, ಶಂಖ ಜಾಗಟೆ ಹಿಡಿದು ಹೊರಡುತ್ತಿದ್ದರು. ಅವರು ಶಂಖ ಊದಿದರೆ ಕಾಲುವೆ ಆಚೆ ಗದ್ದೆಯಲ್ಲಿದ್ದವರೂ ತಲೆ ಎತ್ತಿ ನೋಡುತ್ತಿದ್ದರು. ಅಪ್ಪ ಈಗಿಲ್ಲ. ಶಂಖ ನನ್ನ ಹತ್ತಿರ ಇದೆ.

ಈ ಪತ್ರ ಬರೆಯುವುದಕ್ಕೆ ಕಾರಣ ನಮ್ಮಕ್ಕ. ಮೈಸೂರಿನಲ್ಲಿ ಹೊಸ ಮನೆ ಕಟ್ಟಿಸಿದಳು. ಗೃಹಪ್ರವೇಶಕ್ಕೆ ಮುಂಚೆ ಯಾರೋ ಹೇಳಿದರಂತೆ, ದೇವರ ಮನೆಯಲ್ಲಿ ಬಲಮುರಿ ಶಂಖ ಇಟ್ಟರೆ ಲಕ್ಷ್ಮಿ ನೆಲೆಸುತ್ತಾಳೆ ಅಂತ. ಒಂದು ಅಂಗಡಿಗೆ ಹೋಗಿ ₹18,000 ಕೊಟ್ಟು ತಂದಳು. ಜೊತೆಗೆ ಲ್ಯಾಮಿನೇಷನ್ ಮಾಡಿದ ಒಂದು ಕಾಗದ. ಅದರಲ್ಲಿ ‘ಅಸಲಿ ದಕ್ಷಿಣಾವರ್ತಿ’, ಅಂದರೆ ಅಸಲಿ ಬಲಮುರಿ, ಎಂದು ದೊಡ್ಡ ಅಕ್ಷರದಲ್ಲಿ ಬರೆದಿದೆ. ಭಾವ ಅದನ್ನು ಫ್ರೇಮ್ ಹಾಕಿಸಿದ್ದಾರೆ.

ಗೃಹಪ್ರವೇಶದ ದಿನ ಅಕ್ಕನ ಮಗಳು ಟೆಕ್ಸಾಸ್‌ನಿಂದ ವೀಡಿಯೊ ಕಾಲ್ ಮಾಡಿದಳು. ದೇವರ ಮನೆ ತೋರಿಸುವಾಗ ಶಂಖ ನೋಡಿ, "ಮಾವ, ಇದನ್ನ ಸ್ವಲ್ಪ ಹತ್ತಿರ ಹಿಡೀರಿ" ಅಂದಳು. ಹಿಡಿದೆ. "ಇದು ಇಲ್ಲಿ ಬೀಚಿನಲ್ಲಿ ಸಿಗೋ ಚಿಪ್ಪು ಮಾವ. ನನ್ನ ಹತ್ತಿರಾನೇ ಎರಡಿವೆ" ಅಂದಳು. ಅಕ್ಕನ ಮುಖ ನೋಡಲಾಗಲಿಲ್ಲ.

ಅವಳು ಹೇಳಿದ್ದು ನಿಜ. ಅದರ ಹೆಸರು ಲೈಟ್ನಿಂಗ್ ವೆಲ್ಕ್. ಅಮೆರಿಕದ ಆಗ್ನೇಯ ಕರಾವಳಿಯಲ್ಲಿ, ಫ್ಲಾರಿಡಾದಲ್ಲಿ, ಮೆಕ್ಸಿಕೋ ಕೊಲ್ಲಿಯ ಬೆಚ್ಚನೆಯ ನೀರಿನಲ್ಲಿ ಬೆಳೆಯುತ್ತದೆ. 1987ರಲ್ಲಿ ಟೆಕ್ಸಾಸ್ ಇದನ್ನು ತನ್ನ ರಾಜ್ಯದ ಚಿಪ್ಪು ಎಂದು ಘೋಷಿಸಿದೆ. ಎಳೆಯ ಚಿಪ್ಪಿನ ಮೇಲೆ ಮಿಂಚು ಹೊಡೆದ ಹಾಗೆ ಕಂದು ಗೆರೆಗಳಿರುತ್ತವೆ, ಅದಕ್ಕೇ ಆ ಹೆಸರು. ವಯಸ್ಸಾದಂತೆ ಬಣ್ಣ ಮಾಸಿ ಬೆಳ್ಳಗಾಗುತ್ತದೆ. ಈ ಜಾತಿಯಲ್ಲಿ ಹೆಚ್ಚುಕಮ್ಮಿ ಎಲ್ಲವೂ ಹುಟ್ಟುತ್ತಲೇ ನಮ್ಮ ಲೆಕ್ಕದ ಬಲಮುರಿ. ಅಲ್ಲಿ ಅದರಲ್ಲಿ ಅಪರೂಪ ಏನೂ ಇಲ್ಲ.

ನಮ್ಮ ಪೂಜೆಯ ಶಂಖವೇ ಬೇರೆ ಜಾತಿ. ಅದು ಸಿಗುವುದು ತೂತುಕುಡಿ, ರಾಮೇಶ್ವರದ ಕಡೆ, ಮನ್ನಾರ್ ಕೊಲ್ಲಿಯ ಮರಳು ತಳದಲ್ಲಿ. ಅಲ್ಲಿನ ಮುಳುಗುಗಾರರು ತಲೆಮಾರುಗಳಿಂದ ಅದನ್ನು ಕಡಲ ತಳದಿಂದ ಎತ್ತಿ ತರುತ್ತಾ ಬಂದಿದ್ದಾರೆ. ಬಂಗಾಳದ ಮುತ್ತೈದೆಯರ ಬಿಳಿ ಬಳೆ ಕೂಡ ಇದೇ ಶಂಖದ್ದು. ಇದರಲ್ಲಿ ಎಡಮುರಿಯೇ ಎಲ್ಲೆಲ್ಲೂ. ಬಲಮುರಿ ಹುಟ್ಟುವುದು ಬಹಳ ಬಹಳ ಅಪರೂಪ. ಅದಕ್ಕೇ ಅದಕ್ಕೆ ಆ ಬೆಲೆ, ಆ ಗೌರವ.

ಎಡ ಬಲ ತಿಳಿಯುವುದು ಕಷ್ಟವಲ್ಲ. ಊದುವ ತುದಿ ಕೆಳಗೆ, ನೀರು ಸುರಿಯುವ ಮೂತಿ ಮೇಲೆ, ಬಾಯಿ ನಮ್ಮ ಕಡೆ ಬರುವಂತೆ ಹಿಡಿಯಬೇಕು. ಬಾಯಿ ನಮ್ಮ ಎಡಕ್ಕೆ ಬಂದರೆ ಎಡಮುರಿ, ಬಲಕ್ಕೆ ಬಂದರೆ ಬಲಮುರಿ. ವಿಜ್ಞಾನದವರು ಇದನ್ನೇ ತಲೆಕೆಳಗಾಗಿ ಹಿಡಿಯುತ್ತಾರೆ, ಹಾಗಾಗಿ ನಮ್ಮ ಬಲಮುರಿ ಅವರಿಗೆ ಎಡಸುತ್ತು. ಮೋಟಾರಿನದೂ ಇದೇ ಕತೆ. ಶಾಫ್ಟ್ ಕಡೆಯಿಂದ ನೋಡಿದರೆ ಬಲಕ್ಕೆ ತಿರುಗುವುದು ಫ್ಯಾನ್ ಕಡೆಯಿಂದ ನೋಡಿದರೆ ಎಡಕ್ಕೆ. ಯಾವ ಕಡೆ ನಿಂತು ನೋಡುತ್ತಿದ್ದೀರಿ ಅನ್ನುವುದನ್ನು ಮೊದಲು ಹೇಳಬೇಕು.

ಆದರೆ ಅಕ್ಕ ಮೋಸ ಹೋಗಿದ್ದು ಎಡ ಬಲದಲ್ಲಿ ಅಲ್ಲ. ಸುತ್ತು ಸರಿಯಾಗಿಯೇ ಇತ್ತು, ಜಾತಿಯೇ ಬೇರೆ ಇತ್ತು. ಹಾಗಾದರೆ ಗುರುತು ಹಿಡಿಯುವುದು ಹೇಗೆ?

ಆ ಚಿಪ್ಪನ್ನು ಅಂಗಡಿಗೆ ತಂದು, ಅಪ್ಪನ ಶಂಖದ ಪಕ್ಕ ಮೇಜಿನ ಮೇಲೆ ಪೇಪರ್ ಹಾಸಿ ಇಟ್ಟೆ. ಲೈಟು ಹತ್ತಿರ ಎಳೆದುಕೊಂಡೆ. ಅಪ್ಪನ ಶಂಖ ಕೈಗೆ ಗುಂಡುಕಲ್ಲಿನ ಹಾಗೆ ಭಾರ. ಮೈ ನುಣ್ಣಗೆ, ಪಿಂಗಾಣಿ ಬಟ್ಟಲಿನಂತೆ. ಊದುವ ತುದಿ ಅವರ ತುಟಿಗೆ ಸವೆದು ಸ್ವಲ್ಪ ಹಳದಿಯಾಗಿದೆ. ಬಾಯೊಳಗೆ ತೋರುಬೆರಳು ಹಾಕಿ ನಡುಗಂಬದ ಮೇಲೆ ಸವರಿದರೆ ಏಣು ಏಣಾಗಿ ಸಿಗುತ್ತದೆ. ದಪ್ಪ ಸ್ಕ್ರೂವಿನ ಮರೆಯ ಹಾಗೆ. ಎಣಿಸಿದೆ, ನಾಲ್ಕು. ನಮ್ಮ ಶಂಖದ ಜಾತಿಗೆ ಅಲ್ಲಿ ಮೂರೋ ನಾಲ್ಕೋ ಏಣು ಇದ್ದೇ ಇರುತ್ತದೆ. ಅಕ್ಕನ ಚಿಪ್ಪಿನೊಳಗೆ ಬೆರಳು ಹಾಕಿದೆ. ಜಾರಿಕೊಂಡು ಹೋಯಿತು. ಒಂದು ಏಣೂ ಕೈಗೆ ಹತ್ತಲಿಲ್ಲ. ಚಿಪ್ಪೂ ತೆಳು, ಹೆಗಲಿನ ಮೇಲೆ ಸಣ್ಣ ಸಣ್ಣ ಗುಬಟು. ಲೆನ್ಸ್ ಹಿಡಿದು ನೋಡಿದರೆ ಮಾಸಿದ ಕಂದು ಗೆರೆ ಇನ್ನೂ ಉಳಿದಿದೆ.

ಅಂಗಡಿಯವರನ್ನು ಕೇಳಿದೆವು. "ಬಾಯಿ ಬಲಕ್ಕಿದೆ ಅಲ್ವಾ, ಮತ್ತಿನ್ನೇನು?" ಅಂದರು. ವಾಪಸ್ ತೆಗೆದುಕೊಳ್ಳಲಿಲ್ಲ. ಬಿಲ್ ತೆಗೆದು ನೋಡಿದರೆ ‘ಪೂಜಾ ಸಾಮಗ್ರಿ’ ಎಂದಷ್ಟೇ ಇದೆ. ಯಾವ ಶಂಖ, ಎಲ್ಲಿಯದು, ಒಂದಕ್ಷರ ಇಲ್ಲ. ಅಷ್ಟು ದೊಡ್ಡ ಅಕ್ಷರದ ಕಾಗದ ಕೊಟ್ಟವರು ಬಿಲ್ಲಿನಲ್ಲಿ ಅದನ್ನೇ ಬರೆಯಲು ಯಾಕೆ ಹಿಂಜರಿಯಬೇಕು?

ನನಗೆ ಜಾಸ್ತಿ ನೋವಾಗಿದ್ದು ದುಡ್ಡಿಗಲ್ಲ. ಅಕ್ಕನಿಗೆ ಅಪ್ಪನ ಶಂಖ ಸಾಲದಾಯಿತಲ್ಲ ಅನ್ನುವುದಕ್ಕೆ. "ಅದು ಎಡಮುರಿ ಕಣೋ, ಮಾಮೂಲಿದು" ಅಂದಿದ್ದಳು ಕೊಳ್ಳುವ ಮೊದಲು. ಶಂಖದಿಂದ ಬಂದರೇ ತೀರ್ಥ ಅನ್ನುತ್ತೇವೆ. ಎಷ್ಟೋ ಮನೆಗಳಲ್ಲಿ ಆ ತೀರ್ಥ ಬಂದಿದ್ದು ಇಂಥ ಎಡಮುರಿ ಶಂಖದಿಂದಲೇ. ಕೆಆರ್‌ಎಸ್ ಹತ್ತಿರ ಕಾವೇರಿಯಲ್ಲಿ ಬಲಮುರಿ ಅನ್ನುವ ಜಾಗವೂ ಇದೆ, ಎಡಮುರಿ ಅನ್ನುವ ಜಾಗವೂ ಇದೆ. ಎರಡೂ ಕಡೆ ಹರಿಯುವುದು ಅದೇ ನೀರು.

ಇನ್ನೊಂದು ಮಾತು. ಶಂಖವೆಂದರೆ ಒಂದು ಜೀವ ಕಟ್ಟಿಕೊಂಡ ಮನೆ. ನಮ್ಮ ತೋಟದ ಬಸವನಹುಳುವಿನ ಬಳಗದ್ದೇ. ಮರಳಿನಲ್ಲಿ ಹುಳ ಹುಡುಕಿ ತಿಂದು ಬದುಕುತ್ತದೆ. ಬದುಕಿರುವಾಗ ಮೇಲೆ ಕಂದು ಬಣ್ಣದ ಸಿಪ್ಪೆ ಇರುತ್ತದೆ, ಅದನ್ನು ತೆಗೆದ ಮೇಲೇ ಈ ಬಿಳುಪು. ಅದರ ಮೊಟ್ಟೆಯ ಗೂಡು ಟಗರಿನ ಕೊಂಬಿನ ಹಾಗೆ ಸುರುಳಿ. ಅಲ್ಲಿನ ವೆಲ್ಕ್ ಕೂಡ ಹಾಗೇ, ಕಪ್ಪೆಚಿಪ್ಪುಗಳನ್ನು ಬಿಡಿಸಿ ತಿನ್ನುವ ಪ್ರಾಣಿ. ಬಿಲ್ಲೆಗಳನ್ನು ಪೋಣಿಸಿದ ಸರದ ಹಾಗೆ ಮೊಟ್ಟೆಚೀಲ ಇಡುತ್ತದೆ. ಒಂದು ಸಲ ದಡಕ್ಕೆ ಬಂದು ಬಿದ್ದಿದ್ದ ಒಣ ಸರವನ್ನು ಅಕ್ಕನ ಮಗಳು ಫೋಟೊ ತೆಗೆದು ಕಳಿಸಿದಳು. ಒಂದೊಂದು ಬಿಲ್ಲೆಯೊಳಗೂ ಸಾಸಿವೆಗಿಂತ ಸ್ವಲ್ಪ ದೊಡ್ಡ ಚಿಪ್ಪುಗಳು, ಆಗಲೇ ಸುತ್ತು ಹಾಕಿಕೊಂಡಿದ್ದವು. ಆ ಪ್ರಾಣಿಯದೇನೂ ತಪ್ಪಿಲ್ಲ. ಸುಳ್ಳು ಹೆಸರು ಇಟ್ಟವರು ನಾವು.

ಶೋಕೇಸಿಗೆಂದು ಚಿಪ್ಪು ಕೊಳ್ಳುವವರೂ ಸ್ವಲ್ಪ ನೋಡಿ ಕೊಳ್ಳಲಿ. ನಾಟಿಲಸ್, ಟ್ರೈಟನ್, ಕೊಂಬಿನ ಹೆಲ್ಮೆಟ್ ಚಿಪ್ಪು ಇವೆಲ್ಲ 2001ರಿಂದ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ಪಟ್ಟಿಯಲ್ಲಿವೆ. ಮಾರುವುದೂ ತಪ್ಪು, ಕೊಳ್ಳುವುದೂ ತಪ್ಪು.

ನನ್ನ ಕೋರಿಕೆ ದೊಡ್ಡದಲ್ಲ. ಶಂಖ ಮಾರುವವರು ಅದು ಯಾವ ಕಡಲಿನದು, ಯಾವ ಜಾತಿ ಎಂದು ಬಿಲ್ಲಿನಲ್ಲೇ ಬರೆದುಕೊಡಲಿ. ವೆಲ್ಕ್ ಚೆನ್ನಾಗಿಯೇ ಇದೆ, ವೆಲ್ಕ್ ಅಂತಲೇ ಮಾರಲಿ. ಕೊಳ್ಳುವವರು ಒಳಗೆ ಬೆರಳು ಹಾಕಿ ಏಣು ಎಣಿಸಲಿ. ದಸರಾ ಹತ್ತಿರ ಬಂದರೆ ಇಂಥ ವ್ಯಾಪಾರ ಜಾಸ್ತಿಯಾಗುತ್ತದೆ, ಅಷ್ಟರೊಳಗೆ ನೀವು ಎರಡೂ ಚಿಪ್ಪಿನ ಫೋಟೊ ಅಕ್ಕಪಕ್ಕ ಹಾಕಿದರೆ ನಾಲ್ಕು ಜನಕ್ಕೆ ಉಪಕಾರ.

ಎರಡೂ ನನ್ನ ಅಂಗಡಿಯಲ್ಲೇ ಇವೆ. ನಿಮ್ಮ ವರದಿಗಾರರು ಬಂದರೆ ಕೈಗೆ ಕೊಡುತ್ತೇನೆ, ಅವರೇ ಸವರಿ ನೋಡಲಿ. ಶ್ರಾವಣ ಮುಗಿಯುವವರೆಗೆ ಶನಿವಾರ ಮಾತ್ರ ಬರುವುದು ಬೇಡ. ಆ ದಿನ ಅಪ್ಪನ ಶಂಖವನ್ನು ನನ್ನ ತಮ್ಮ ಊರಿಗೆ ತೆಗೆದುಕೊಂಡು ಹೋಗಿರುತ್ತಾನೆ.

ಇಂತಿ,
ಮಂಡ್ಯದ ಒಬ್ಬ ಓದುಗ