ಮಗಳಿಗೊಂದು ಪತ್ರ: ಹಾಲ್‌ನ ಕ್ಯಾಮೆರಾ

ಪ್ರೀತಿಯ ಪುಟ್ಟಿ,

ಕಾಲೇಜಿನಲ್ಲಿದ್ದಾಗ ನೀನು, ಕಣ್ಣಿಡುವುದನ್ನೇ ಕಲೆ ಮಾಡಿಕೊಂಡ ಫ್ರಾನ್ಸಿನ ಕಲಾವಿದೆ ಸೋಫಿ ಕಾಲ್ ಬಗ್ಗೆ ಹೇಳುತ್ತಿದ್ದೆ. ಆಗ ನಾನು ಸುಮ್ನೆ ಹೂಂಗುಟ್ಟಿದ್ದೆ. ನನ್ನನ್ನು ದೂರದಿಂದಲೇ ನೋಡಿಕೊಳ್ಳೋಕೆ ನಮ್ಮನೆ ಹಾಲ್‌ಗೆ ಕ್ಯಾಮೆರಾ ಹಾಕಿಸ್ತೀನಿ ಅಂತ ನೀನು ಅಂದ ಮೇಲೆ ಆಕೆಯ ಬಗ್ಗೆ ಸಿಕ್ಕಿದ್ದನ್ನೆಲ್ಲ ಓದಿದೆ.

1981ರಲ್ಲಿ ಆಕೆ ತನ್ನ ಅಮ್ಮನಿಗೆ ಒಂದು ಕೆಲಸ ಹೇಳಿದಳು. ಒಬ್ಬ ಪತ್ತೇದಾರನನ್ನು ಗೊತ್ತುಮಾಡು, ನಾನು ಎಲ್ಲಿ ಹೋಗ್ತೀನಿ, ಏನು ಮಾಡ್ತೀನಿ ಅಂತ ವರದಿ ಬರೀಲಿ, ಫೋಟೊ ತೆಗೀಲಿ ಅಂತ. ಪತ್ತೇದಾರನಿಗೆ ಒಳಗುಟ್ಟು ಗೊತ್ತಿಲ್ಲ. ಇವಳು ಪ್ಯಾರಿಸ್‌ನಲ್ಲಿ ತನಗಿಷ್ಟವಾದ ಕಡೆಯೆಲ್ಲ ಅವನನ್ನು ಸುತ್ತಿಸಿದಳು. ಲೂವ್ರ್ ಮ್ಯೂಸಿಯಂನಲ್ಲಿ ಟಿಷಿಯನ್ ಬರೆದ, ಕೈಗವಸು ಹಿಡಿದ ಗಂಡಸಿನ ಚಿತ್ರದವರೆಗೂ ಕರೆದೊಯ್ದಳು. ಆಮೇಲೆ ಅವನ ವರದಿ, ತನ್ನ ದಿನಚರಿ ಎರಡನ್ನೂ ಜೊತೆಗಿಟ್ಟು ಪ್ರದರ್ಶಿಸಿದಳು. ಪಾಪ, ತಾನೇ ಅವಳ ಬೆನ್ನುಬಿದ್ದಿದ್ದೇನೆ ಅಂದುಕೊಂಡಿದ್ದ ಆತ! ನನಗಿದು ತುಂಬ ಹಿಡಿಸಿತು.

ಅದೇ ವರ್ಷದ ಇನ್ನೊಂದು ಕೆಲಸ ಹಿಡಿಸಲಿಲ್ಲ. ವೆನಿಸ್‌ನ ಹೋಟೆಲೊಂದರಲ್ಲಿ ರೂಮ್ ಕ್ಲೀನ್ ಮಾಡುವ ಕೆಲಸಕ್ಕೆ ಮೂರು ವಾರ ಸೇರಿಕೊಂಡಳು. ಅವಳ ಪಾಲಿಗೆ 12 ರೂಮು. ಹಾಸಿಗೆ ಸರಿಮಾಡುತ್ತಲೇ ಅತಿಥಿಗಳ ಸೂಟ್‌ಕೇಸು, ಡ್ರಾಯರು, ಕಸದ ಬುಟ್ಟಿ ಎಲ್ಲ ತಡಕಿದಳು. ಅವರ ಪತ್ರ, ಡೈರಿ ಓದಿ, ಸಾಮಾನುಗಳ ಫೋಟೊ ತೆಗೆದಳು. ಚಿತ್ರಗಳು ಚೆನ್ನಾಗಿವೆ, ಇಲ್ಲ ಅನ್ನಲ್ಲ. ಆದರೆ ಆ ಜನರನ್ನು ಒಂದು ಮಾತು ಕೇಳಲಿಲ್ಲವಲ್ಲ. ಕಲೆ ಅಂದ ಕೂಡಲೇ ಎಲ್ಲ ಮಾಫಿಯೇ?

ಅಲ್ಲಿ ಕೆಲಸದವಳು ರೂಮಿನವರ ಮೇಲೆ ಕಣ್ಣಿಟ್ಟಳು. ನಮ್ಮಲ್ಲಿ ಉಲ್ಟಾ. ಎಷ್ಟೋ ಮನೆಗಳಲ್ಲಿ ಕ್ಯಾಮೆರಾ ಹಾಕಿಸುವುದೇ ಕೆಲಸದವರನ್ನು ನೋಡೋಕೆ, ಅದೂ ಅವರಿಗೆ ಹೇಳದೆ. ನಮ್ಮನೆಗೆ ಬರುವಾಕೆ ನೆಲ ಒರೆಸಿ ಮುಗಿಸಿದ ಮೇಲೆ ಫ್ಯಾನ್ ಕೆಳಗೆ ಕಾಲು ಚಾಚಿ ಕೂರುತ್ತಾಳೆ. ಸೆರಗಲ್ಲಿ ಕತ್ತು ಒರೆಸಿಕೊಂಡು, ತುರುಬು ಬಿಚ್ಚಿ ಮತ್ತೆ ಕಟ್ಟಿ, ಆಮೇಲೆ ಕಾಫಿ ಲೋಟಕ್ಕೆ ಕೈ ಹಾಕುತ್ತಾಳೆ. ಅದೆಲ್ಲ ನಿನ್ನ ಫೋನಿಗೆ ಹೋಗೋದು ನನಗಿಷ್ಟವಿಲ್ಲ.

ನಿನ್ನ ಭಯ ಏನು ಅಂತ ನನಗೆ ಗೊತ್ತು. ಸೋಫಿಗೂ ಅದೇ ಭಯ ಇತ್ತು. 2006ರಲ್ಲಿ ಅವಳ ಅಮ್ಮ ಕೊನೆಯ ದಿನಗಳಲ್ಲಿದ್ದಾಗ, ತಾನಿಲ್ಲದ ಹೊತ್ತಲ್ಲಿ ಜೀವ ಹೋದರೆ ಕೊನೆ ಮಾತು ತಪ್ಪಿಹೋಗುತ್ತದಲ್ಲ ಅಂತ ಮಂಚದ ಬಳಿ ಕ್ಯಾಮೆರಾ ಇಟ್ಟಳು. ಮಗಳು ತನ್ನ ಬಗ್ಗೆ ಏನೂ ಮಾಡಿಲ್ಲ ಅಂತ ಅಮ್ಮನಿಗೆ ಮುನಿಸಿತ್ತಂತೆ. ಕ್ಯಾಮೆರಾ ಕಂಡು 'ಅಂತೂ!' ಅಂದಳಂತೆ. ಎಂಥ ಹೆಂಗಸು ನೋಡು! ಮರುವರ್ಷ ವೆನಿಸ್ ಬಿನಾಲೆ ಅನ್ನೋ ದೊಡ್ಡ ಕಲಾಪ್ರದರ್ಶನದಲ್ಲಿ ಆ ವಿಡಿಯೋ ತೋರಿಸಿದರು. ಉಸಿರು ಯಾವಾಗ ನಿಂತಿತು ಅಂತ ಅದರಲ್ಲೂ ಸರಿಯಾಗಿ ಗೊತ್ತಾಗುವುದಿಲ್ಲ.

ಹಾಗಾಗಿ ಕ್ಯಾಮೆರಾ ಎಲ್ಲವನ್ನೂ ಹಿಡಿದುಕೊಡುತ್ತೆ ಅಂತ ನಂಬಬೇಡ. ಬೇಡ ಅಂತಲೂ ನಾನು ಹೇಳುತ್ತಿಲ್ಲ. ಬಾಗಿಲ ಹತ್ತಿರ ಒಂದು, ಹಾಲ್‌ನಲ್ಲಿ ಒಂದು ಹಾಕಿಸು. ಅಡುಗೆಮನೆಗೂ ಮಲಗುವ ಕೋಣೆಗೂ ಬೇಡ. ಸ್ವಿಚ್ ನನ್ನ ಕೈಗೆಟುಕುವ ಹಾಗಿರಲಿ. ಕೆಲಸದಾಕೆಗೆ ನಾನೇ ಹೇಳುತ್ತೇನೆ. ಅವಳು ಒಪ್ಪದಿದ್ದರೆ ಅವಳಿರುವಷ್ಟು ಹೊತ್ತು ಆಫ್ ಮಾಡುತ್ತೇನೆ, ನೀನು ಗಾಬರಿಯಾಗಿ ಪಕ್ಕದ ಮನೆಯವರನ್ನು ನಮ್ಮನೆಗೆ ಓಡಿಸಬೇಡ. ಇನ್ನೊಂದು, ಆ ಕ್ಯಾಮೆರಾದಲ್ಲಿ ಸ್ಪೀಕರ್ ಇರುತ್ತಂತಲ್ಲ, ಅದರಿಂದ 'ಅಮ್ಮಾ, ಮಾತ್ರೆ ತಗೊಂಡ್ಯಾ' ಅಂತ ದಿಢೀರನೆ ಕೂಗಬೇಡ, ಎದೆ ಧಸಕ್ಕೆನ್ನುತ್ತೆ. ಫೋನ್ ಮಾಡು.

ನಿನ್ನ ಅಮ್ಮ